ಬಾರಾ ಕಮಾನ್ ಹಿಂದಿನ ಓಣಿಯ ಲೆಕ್ಕದ ಪಾಠ: ಮೂರು ತಿಂಗಳ ಅನುಭವ

ವಿಜಯಪುರದ ಬಾರಾ ಕಮಾನ್ ಹಿಂದಿನ ಓಣಿಯೊಂದರಲ್ಲಿ ನಿವೃತ್ತ ಅಕ್ಕೋರೊಬ್ಬರು ಸಂಜೆ ಐದೂವರೆಯಿಂದ ಏಳರವರೆಗೆ ಲೆಕ್ಕದ ಪಾಠ ಹೇಳುತ್ತಾರೆ. ಆರರಿಂದ ಎಂಟನೇ ತರಗತಿಯ ಮಕ್ಕಳಿಗೆ ಮಾತ್ರ. ತಿಂಗಳಿಗೆ 500 ರೂಪಾಯಿ. ಫಲಕವಿಲ್ಲ, ಜಾಹೀರಾತಿಲ್ಲ; ಹೊಸ್ತಿಲ ಹೊರಗೆ ಬಿಟ್ಟ ಪುಟ್ಟ ಚಪ್ಪಲಿಗಳೇ ಗುರುತು.

ಏಳನೇ ತರಗತಿಯ ನನ್ನ ಮಗಳು ಕೂಡಿಸುವುದು, ಭಾಗಿಸುವುದು ಎಲ್ಲವನ್ನೂ ತಪ್ಪಿಲ್ಲದೆ ಮಾಡುತ್ತಿದ್ದಳು. ಹೇಳಿಕೆ ಲೆಕ್ಕ ಬಂದರೆ ಮಾತ್ರ ಕಂಗಾಲಾಗುತ್ತಿದ್ದಳು. ಅದರಲ್ಲೂ ಗೊತ್ತಿಲ್ಲದ ಸಂಖ್ಯೆಗಳು ಎರಡಿದ್ದರೆ, ಕಣ್ಣಿಗೆ ಬಿದ್ದ ಅಂಕಿಗಳನ್ನೆಲ್ಲ ಕೂಡಿಸಿ ಕೈ ತೊಳೆದುಕೊಳ್ಳುತ್ತಿದ್ದಳು. ಮೊದಲು ಕಳಿಸಿದ ಕಡೆ ವರ್ಷವಿಡೀ ಹಲಗೆಯ ಮೇಲಿನ ಉತ್ತರವನ್ನು ನಕಲು ಮಾಡಿಸಿದರು. ನೋಟ್‌ಬುಕ್ ತುಂಬಿತು, ಲೆಕ್ಕ ಬರಲಿಲ್ಲ.

ಇಲ್ಲಿಗೆ ಸೇರಿಸಿದ ದಿನ ನನಗೆ ವಾರದ ರಜೆ. ಗೋಡೆಗೆ ಒರಗಿ ಕುಳಿತು ಪೂರ್ತಿ ಪಾಠ ನೋಡಿದೆ. ದೊಡ್ಡಿಯಲ್ಲಿ ಆಡು, ಕೋಳಿ ಸೇರಿ 18 ತಲೆ, 50 ಕಾಲು, ಯಾವುದು ಎಷ್ಟು? ಇವಳು ತಟ್ಟನೆ 68 ಎಂದಳು. ಅಕ್ಕೋರು ಗದರಲಿಲ್ಲ. "68 ಏನು, ತಂಗಿ? ತಲೆಯೋ, ಕಾಲೋ?" ಎಂದು ಕೇಳಿದರು. ಇವಳು ಸುಮ್ಮನಾದಳು. ಅವರು ಚಾಪೆಯ ಮೇಲೆ 18 ಗುಂಡಿಗಳನ್ನು ಸಾಲಾಗಿ ಇಟ್ಟು, ಅವಳ ಬೊಗಸೆಗೆ 50 ಹುಣಸೆ ಬೀಜ ಎಣಿಸಿ ಹಾಕಿದರು. "ಸದ್ಯಕ್ಕೆ ಎಲ್ಲವೂ ಕೋಳಿಯೇ ಎಂದುಕೊಳ್ಳೋಣ. ಒಂದೊಂದು ತಲೆಗೆ ಎರಡೆರಡು ಕಾಲು ಕೊಡು."

ಕೊಟ್ಟಳು. 36 ಬೀಜ ಖರ್ಚಾಗಿ ಅಂಗೈಯಲ್ಲಿ 14 ಉಳಿದವು. "ಇವು ಯಾರ ಕಾಲು?" ಪಕ್ಕದ ಹುಡುಗ ಉತ್ತರ ಹೇಳಲು ಬಾಯಿ ತೆರೆದ, ಅಕ್ಕೋರು ಕಣ್ಣಿನಲ್ಲೇ ತಡೆದರು. ನನಗೆ ಅದು ತುಂಬ ಹೊತ್ತು ಎನಿಸಿತು. ಕೊನೆಗೆ ಮಗಳು, "ಆಡಿನವು. ಪಾಪ, ಎರಡೇ ಕಾಲಿನ ಮೇಲೆ ನಿಂತಿವೆ" ಎಂದು ಒಂದೊಂದು ಗುಂಡಿಗೆ ಇನ್ನೆರಡು ಬೀಜ ಇಡುತ್ತಾ ಹೋದಳು. ಏಳನೆಯ ಗುಂಡಿಗೆ ಬೀಜ ಮುಗಿಯಿತು. ಆಡು 7, ಕೋಳಿ 11. ಅಷ್ಟಕ್ಕೇ ಬಿಡಲಿಲ್ಲ, ಏಳು ನಾಲ್ಕಲೆ 28, ಹನ್ನೊಂದು ಎರಡಲೆ 22, ಕೂಡಿದರೆ 50 ಎಂದು ತಾಳೆ ನೋಡಿಸಿದರು. ಅಲ್ಲಿಯವರೆಗೂ ಪೆನ್ಸಿಲ್ ಮುಟ್ಟುವ ಹಾಗಿರಲಿಲ್ಲ. ಲೆಕ್ಕವನ್ನು ತನ್ನ ಮಾತಿನಲ್ಲಿ ಹೇಳಿ, ಗೊತ್ತಿಲ್ಲದ ಎರಡು ಯಾವುವು ಎಂದು ಹೆಸರಿಸಿದ ಮೇಲೆಯೇ ಬರವಣಿಗೆ.

ಎರಡನೇ ತಿಂಗಳು ಮೊತ್ತ ಮತ್ತು ವ್ಯತ್ಯಾಸದ ಲೆಕ್ಕಗಳು. ಭಾಸ್ಕರಾಚಾರ್ಯರು 1150ರಲ್ಲಿ ಬರೆದ ಲೀಲಾವತಿಯಲ್ಲಿ ಇದಕ್ಕೆ ಸಂಕ್ರಮಣ ಎಂಬ ಹೆಸರಿದೆಯಂತೆ. ಅದರಲ್ಲಿನ ಲೆಕ್ಕವನ್ನೇ ಮಾಡಿಸಿದರು: ಎರಡು ಸಂಖ್ಯೆಗಳ ಮೊತ್ತ 101, ವ್ಯತ್ಯಾಸ 25. ಹೆಚ್ಚಿನ 25ನ್ನು ಪಕ್ಕಕ್ಕಿಟ್ಟರೆ 76, ಅದರ ಅರ್ಧ 38, ಇನ್ನೊಂದು 63. ಭಾಸ್ಕರಾಚಾರ್ಯರು ನಮ್ಮೂರಿನವರೇ ಎಂದು ಇಲ್ಲಿ ಅನೇಕರು ಹೇಳುತ್ತಾರೆ. ವಿದ್ವಾಂಸರಲ್ಲಿ ಒಮ್ಮತವಿಲ್ಲ ಎಂಬುದನ್ನೂ ಅಕ್ಕೋರು ಮಕ್ಕಳಿಗೆ ಮುಚ್ಚಿಡಲಿಲ್ಲ. ಅದು ನನಗೆ ಹಿಡಿಸಿತು.

ಅಕ್ಷರಗಳು ಬಂದದ್ದು ಮೂರನೇ ತಿಂಗಳಲ್ಲಿ. ಎಕ್ಸ್, ವೈ ಬದಲು ಮೊದಲು 'ಆ', 'ಕೋ' ಎಂದು ಬರೆಸುತ್ತಾರೆ. "ಆ ಎಂದರೆ ಆಡಲ್ಲ, ಆಡುಗಳ ಸಂಖ್ಯೆ" ಎಂದು ದಿನವೂ ಹೇಳಿಸುತ್ತಾರೆ. ಇದು ಅತಿಯಾಯಿತು ಎಂದು ಮೊದಲು ಅಂದುಕೊಂಡಿದ್ದೆ. ಕಾಲಿನ ಲೆಕ್ಕದಲ್ಲಿ '4ಆ' ಎಂಬುದನ್ನು ಮಗಳು ನಾಲ್ಕು ಆಡು ಎಂದು ಓದಿದಾಗ ಅದರ ಅಗತ್ಯ ತಿಳಿಯಿತು.

ಕೊರತೆಗಳೂ ಇವೆ. ತಗಡಿನ ಚಾವಣಿ, ಒಂದೇ ಫ್ಯಾನು. ನಮ್ಮೂರಿನ ಬೇಸಿಗೆಯಲ್ಲಿ ಮಕ್ಕಳು ಬೆವರಿ ಬೇಯುತ್ತಾರೆ. ಪರೀಕ್ಷೆಗೆ ಬೇಕಾದ ವೇಗವೂ ಇಲ್ಲಿ ಸಿಗದು. ಶಾಲೆಯ ಕಿರುಪರೀಕ್ಷೆಯಲ್ಲಿ ಮಗಳು 'ಎಲ್ಲವೂ ಕೋಳಿ' ಎಂಬ ದಾರಿಯಲ್ಲಿ ಸರಿಯುತ್ತರ ಬರೆದರೂ ಸಮೀಕರಣವಿಲ್ಲವೆಂದು ಎರಡು ಅಂಕ ಕಳೆದರು. ನನಗೆ ಸಿಟ್ಟು ಬಂದಿತು, ಈಗಲೂ ಇದೆ. ಎರಡು ಚರಾಕ್ಷರಗಳ ಸಮೀಕರಣಗಳ ಜೋಡಿಯನ್ನು ಬಿಡಿಸುವ ಪಾಠ ಬರುವುದೇ ಹತ್ತನೇ ತರಗತಿಯಲ್ಲಿ. ಆದರೂ ಅಕ್ಕೋರು ಎರಡೂ ದಾರಿಗಳನ್ನು ಅಕ್ಕಪಕ್ಕ ಬರೆಯುವುದನ್ನು ಸ್ವಲ್ಪ ಬೇಗ ಕಲಿಸಿದರೆ ಒಳ್ಳೆಯದು. ಅವರಿಗೂ ಹೇಳಿದ್ದೇನೆ.

ನಾನು ಬಸ್ ನಿರ್ವಾಹಕಿ. ಹೋದ ವಾರ ಸಿಂದಗಿ ಮಾರ್ಗದ ಪಾಳಿ ಮುಗಿಸಿ ಬಂದು, ಬೆಳ್ಳುಳ್ಳಿ ಬಿಡಿಸುತ್ತಿದ್ದ ಮಗಳಿಗೆ ಒಂದು ಲೆಕ್ಕ ಹಾಕಿದೆ: ಚೀಲದಲ್ಲಿ ಹತ್ತರ, ಇಪ್ಪತ್ತರ ನೋಟು ಸೇರಿ 35, ಹಣ 500. ಅವಳು ತಲೆ ಎತ್ತಲಿಲ್ಲ. "ಎಲ್ಲವೂ ಹತ್ತರದ್ದೇ ಆದರೆ 350. ಉಳಿದ 150ನ್ನು ಹತ್ತು ಹತ್ತಾಗಿ ಹಂಚಬೇಕು. ಇಪ್ಪತ್ತರದ್ದು 15, ಹತ್ತರದ್ದು 20. ತಾಳೆ ನೋಡಲಾ, ಅವ್ವಾ?" ಎಂದಳು.

ಈಗ ಹದಿನಾಲ್ಕು ಮಕ್ಕಳಿದ್ದಾರೆ. ಪ್ರತಿಯೊಬ್ಬರ ಬಾಯಿಂದಲೂ ಲೆಕ್ಕ ಕೇಳಬೇಕಾದ್ದರಿಂದ ಅದಕ್ಕಿಂತ ಹೆಚ್ಚು ಸೇರಿಸಿಕೊಳ್ಳುವುದಿಲ್ಲ. ಜಾಗ ಖಾಲಿ ಇದೆಯೇ ಎಂದು ಏಳು ಗಂಟೆಯ ಮೇಲೆ ಹೋಗಿ ಕೇಳಿ. ಪಾಠದ ನಡುವೆ ಬಾಗಿಲು ತಟ್ಟಿದರೆ ಅವರು ಏಳುವುದಿಲ್ಲ.