ನಿಂಗ್‌ಬೋದಲ್ಲಿ ಡೋಟಾ: ವಿಪಿಎನ್, ಆಕ್ಸಿಲರೇಟರ್, ಇ-ಸಿಮ್

ಮೊದಲೇ ಹೇಳಿಬಿಡುತ್ತೇನೆ. ಚೀನಾದಲ್ಲಿ ಕೂತು ಭಾರತದ ಗೆಳೆಯರ ಜೊತೆ ಗೇಮ್ ಆಡಬೇಕಾದರೆ ಆಕ್ಸಿಲರೇಟರ್ (ಗೇಮಿನ ಡೇಟಾಕ್ಕೆ ಮಾತ್ರ ಬೇರೆ ದಾರಿ ಕೊಡುವ ಆ್ಯಪ್) ಹಾಕಿಕೊಳ್ಳಿ. ಪುಣೆಯಲ್ಲಿ ಯಾರನ್ನು ಕೇಳಿದರೂ "ವಿಪಿಎನ್ ಒಂದು ತಗೊಂಡು ಹೋಗು, ಸಾಕು" ಅನ್ನುತ್ತಾರೆ. ವಿಪಿಎನ್ ಅಂದರೆ ಅಲ್ಲಿ ಬ್ಲಾಕ್ ಆದ ಸೈಟುಗಳನ್ನು ಸುತ್ತುದಾರಿಯಲ್ಲಿ ತೆರೆಸುವ ಆ್ಯಪ್. ಮೇಲ್ ನೋಡುವವರಿಗೆ ಅದು ಸಾಕು. ಆಡುವವರಿಗೆ ಸಾಲದು.

ಚಾಕಣ್, ತಳೇಗಾಂವ್ ಕಡೆ ಗಾಡಿ ಬಿಡಿಭಾಗದ ಕಂಪನಿಗಳಲ್ಲಿ ಇರುವವರಿಗೆ ಈ ಪಾಡು ಗೊತ್ತು. ಪ್ಲಾಸ್ಟಿಕ್ ಭಾಗದ ಮೌಲ್ಡ್ (ಅಚ್ಚು) ಚೀನಾದಲ್ಲಿ ತಯಾರಾಗುತ್ತದೆ. ಟ್ರಯಲ್ ಮುಗಿಯುವವರೆಗೆ ನಮ್ಮವರು ಒಬ್ಬರು ಅಲ್ಲಿ ಕೂರಬೇಕು. ನನ್ನ ಪಾಲಿಗೆ ಬಂದದ್ದು ನಿಂಗ್‌ಬೋ. ಶಾಂಘೈಯಿಂದ ದಕ್ಷಿಣಕ್ಕೆ, ಹಾಂಗ್‌ಝೌ ಕೊಲ್ಲಿ ದಾಟಿದರೆ ಸಿಗುವ ಬಂದರು ಊರು. ಹಗಲೆಲ್ಲ ಮೌಲ್ಡ್, ರಾತ್ರಿ ಸರ್ವಿಸ್ ಅಪಾರ್ಟ್‌ಮೆಂಟಿನ ನಾಲ್ಕು ಗೋಡೆ.

ನಮ್ಮ ಗುಂಪಿನಲ್ಲಿ ಐದು ಜನ. ಚಿಂಚವಡದಲ್ಲಿ ನಾನು, ಪಿಂಪಳೆ ಸೌದಾಗರದಲ್ಲಿ ಹುಬ್ಬಳ್ಳಿಯವನೊಬ್ಬ, ಡೊಂಬಿವಲಿಯಲ್ಲಿ ಕುಂದಾಪುರದವನೊಬ್ಬ, ವಾಸ್ಕೋದಲ್ಲಿ ಅಣ್ಣ ತಮ್ಮ ಇಬ್ಬರು. 2020ರ ಸೆಪ್ಟೆಂಬರ್‌ವರೆಗೆ ಎಲ್ಲರೂ ಪಬ್‌ಜಿ ಆಡುತ್ತಿದ್ದೆವು. ನಮ್ಮ ಸರ್ಕಾರ ಬ್ಯಾನ್ ಮಾಡಿದ 118 ಆ್ಯಪ್‌ಗಳಲ್ಲಿ ಅದೂ ಹೋಯಿತು. ಆಮೇಲೆ ಕಂಪ್ಯೂಟರಿಗೆ ಬಂದು ಐದೈದು ಜನರ ಎರಡು ತಂಡ ಕಾದಾಡುವ ಡೋಟಾ 2 ಹಿಡಿದೆವು. ಶನಿವಾರ ರಾತ್ರಿ ಎಂಟೂವರೆಗೆ ಶುರು. ನಿಂಗ್‌ಬೋ ಗಡಿಯಾರ ನಮಗಿಂತ ಎರಡೂವರೆ ಗಂಟೆ ಮುಂದೆ, ಅಂದರೆ ನನಗೆ ಹನ್ನೊಂದು. ಭಾನುವಾರ ರಜೆ ಇದ್ದುದರಿಂದ ನಡೆಯಿತು.

ಒಂದು ವಿಷಯ ತಿಳಿದಿರಲಿ. ಡೋಟಾ ಚೀನಾದಲ್ಲಿ ಬ್ಲಾಕ್ ಆಗಿಲ್ಲ. ಅಲ್ಲಿ ಪರ್ಫೆಕ್ಟ್ ವರ್ಲ್ಡ್ ಅನ್ನುವ ಕಂಪನಿ ಅದನ್ನು ನಡೆಸುತ್ತದೆ, ಆಡುವವರೂ ಸಿಕ್ಕಾಪಟ್ಟೆ. ಗೇಮ್ ಇಳಿಸಿಕೊಳ್ಳುವ ಸ್ಟೀಮ್ ಆ್ಯಪ್ ಕೂಡ ತೆರೆಯುತ್ತದೆ, ಗೇಮ್ ಸರಾಗವಾಗಿ ಡೌನ್‌ಲೋಡ್ ಆಗುತ್ತದೆ, ಕಮ್ಯುನಿಟಿ ಪುಟಗಳು ಮಾತ್ರ ಬರುವುದಿಲ್ಲ. ತೊಂದರೆ ಇರುವುದು ದೇಶದ ಹೊರಗಿನ ಸರ್ವರ್‌ಗೆ ಹೋಗುವ ದಾರಿಯಲ್ಲಿ. ಹೊರಗೆ ಹೋಗುವ ಬಾಗಿಲುಗಳು ಕೆಲವೇ ಕೆಲವು, ಎಲ್ಲದಕ್ಕೂ ತಪಾಸಣೆ, ಸಂಜೆ ಮೇಲೆ ವಿಪರೀತ ನೂಕುನುಗ್ಗಲು. ನಮಗೆ ಬೇಕಿದ್ದದ್ದು ಸಿಂಗಾಪುರದ ಸರ್ವರ್. ಪುಣೆ, ಗೋವಾದವರಿಗೂ ಆಗುತ್ತೆ, ನನಗೂ ಆಗುತ್ತೆ ಅಂತ ನಡುವಿನದ್ದು ಆರಿಸಿಕೊಂಡಿದ್ದೆವು.

ಈಗ ವಿಪಿಎನ್ ಪುರಾಣ.

ಹೊರಡುವ ಮೊದಲೇ ಪುಣೆಯಲ್ಲಿ ಎರಡು ವರ್ಷದ ಪ್ಲಾನ್ ಕೊಂಡಿದ್ದೆ. ಮೊದಲೇ ಕೊಳ್ಳಲೇಬೇಕು, ಯಾಕಂದರೆ ಅಲ್ಲಿ ಹೋದ ಮೇಲೆ ವಿಪಿಎನ್ ಕಂಪನಿಗಳ ಸೈಟೇ ತೆರೆಯುವುದಿಲ್ಲ. ಹಗಲಲ್ಲಿ ಅದು ಚೆನ್ನಾಗಿಯೇ ಓಡುತ್ತಿತ್ತು. ಜಿಮೇಲ್ ಬಂತು, ವಾಟ್ಸಾಪ್ ಬಂತು, ಯೂಟ್ಯೂಬ್ ಬಂತು. ಸ್ಪೀಡ್ ಟೆಸ್ಟ್ ಮಾಡಿದರೆ ಮೀಟರ್ ಮುಳ್ಳು ಜೋರಾಗಿ ಮೇಲೆ ಏರುತ್ತಿತ್ತು. ಶನಿವಾರ ರಾತ್ರಿ ಡೋಟಾ ಹಾಕಿದರೆ ಮಾತ್ರ ಬೇರೆಯೇ ಕಥೆ. ಪಡ್ಜ್ ಅನ್ನುವ ಪಾತ್ರ ಹಿಡಿದು, ಎದುರಾಳಿಯನ್ನು ಎಳೆಯುವ ಅವನ ಕೊಕ್ಕೆ (ಹುಕ್) ಬಿಡುತ್ತೇನೆ. ಪರದೆಯಲ್ಲಿ ಪಡ್ಜ್ ಸುಮ್ನೆ ನಿಂತಿರುತ್ತಾನೆ. ಎದುರಾಳಿ ನಡೆದು ದಾಟಿ ಹೋಗಿ, ಮರದ ಸಂದಿಗೆ ಸೇರಿ, ಆಮೇಲೆ ಕೊಕ್ಕೆ ಹೊರಡುತ್ತದೆ. ಯಾರೂ ಇಲ್ಲದ ಜಾಗಕ್ಕೆ. ಹುಬ್ಬಳ್ಳಿಯವನು ಮೈಕಿನಲ್ಲಿ "ಏನ್ ಮೀನ್ ಹಿಡಿಯಾಕತ್ತಿಯೇನೋ ಅಲ್ಲಿ" ಅಂತ ಕೇಳಿದ.

ಯಾಕೆ ಹೀಗೆ ಅಂತ ಆಮೇಲೆ ಅರ್ಥವಾಯಿತು. ಗೇಮ್ ಕಳಿಸುವುದು ಯುಡಿಪಿ ಅನ್ನುವ ಬಗೆಯ ಪುಟ್ಟ ಪುಟ್ಟ ಡೇಟಾ ಪ್ಯಾಕೆಟ್. ಒಂದು ಕಳೆದುಹೋದರೆ ಬಿಟ್ಟು ಮುಂದೆ ಹೋಗುವುದು ಅದರ ಸ್ವಭಾವ. ಆದರೆ ಚೀನಾದ ಫೈರ್‌ವಾಲ್, ಅಂದರೆ ಇಂಟರ್ನೆಟ್ ತಡೆಗೋಡೆ, ಮಾಮೂಲಿ ವಿಪಿಎನ್ ದಾರಿಗಳನ್ನು ಗುರುತಿಸಿ ತಡೆಯುತ್ತದೆ. ಅದಕ್ಕೆ ವಿಪಿಎನ್‌ನವರು ವೇಷ ಹಾಕುತ್ತಾರೆ, ಎಲ್ಲವನ್ನೂ ಸಾಮಾನ್ಯ ವೆಬ್‌ಸೈಟಿನ ಸಂಚಾರದ ಹಾಗೆ ಕಾಣುವ, ಟಿಸಿಪಿ ಅನ್ನುವ ಬಗೆಯ ಕೊಳವೆಯಲ್ಲಿ ತುರುಕುತ್ತಾರೆ. ಅಲ್ಲಿ ಒಂದು ಪ್ಯಾಕೆಟ್ ಕಳೆದರೆ ಅದು ವಾಪಸ್ ಬರುವವರೆಗೆ ಅದರ ಹಿಂದೆ ಬರುವವೆಲ್ಲ ಸಾಲಾಗಿ ನಿಲ್ಲುತ್ತವೆ. ಯೂಟ್ಯೂಬಿಗೆ ಇದು ಗೊತ್ತೂ ಆಗುವುದಿಲ್ಲ, ಮುಂಚೆಯೇ ತುಂಬಿಸಿಟ್ಟುಕೊಂಡಿರುತ್ತದೆ. ಡೋಟಾಕ್ಕೆ ಅದೇ ಸಾವು. ಸ್ಪೀಡ್ ಟೆಸ್ಟ್ ನೋಡಿ ವಿಪಿಎನ್ ಆರಿಸುವವರು ಇದನ್ನು ಸ್ವಲ್ಪ ನೆನಪಿಡಿ.

ನಿಧಾನ ಆಗಿದ್ದರೆ ಸಹಿಸಿಕೊಳ್ಳಬಹುದಿತ್ತು. ಅದು ನಡುವೆ ಕಡಿದೇ ಹೋಗುತ್ತಿತ್ತು. ಡೋಟಾದಲ್ಲಿ ಕನೆಕ್ಷನ್ ಹೋದರೆ ವಾಪಸ್ ಬರಲು 5 ನಿಮಿಷ. ಅಷ್ಟರಲ್ಲಿ ಬರದಿದ್ದರೆ ಅಬ್ಯಾಂಡನ್, ಅಂದರೆ ಆಟ ಬಿಟ್ಟು ಓಡಿದ, ಅಂತ ಬರೆದುಕೊಳ್ಳುತ್ತದೆ. ನನ್ನ ವಿಪಿಎನ್ ಒಂದು ಸರ್ವರ್ ಬಿಟ್ಟು ಇನ್ನೊಂದು ಹುಡುಕಿ, ಚಕ್ರ ತಿರುಗಿಸಿ, ಸಿಗದೆ, ಮತ್ತೆ ಹುಡುಕುವಷ್ಟರಲ್ಲಿ 5 ನಿಮಿಷ ಎಲ್ಲಿ ಸಾಕು? ಅಬ್ಯಾಂಡನ್ ಜಾಸ್ತಿ ಆದವರನ್ನು ಲೋ ಪ್ರಯಾರಿಟಿ ಅನ್ನುವ ಶಿಕ್ಷೆಯ ಸಾಲಿಗೆ ಹಾಕುತ್ತಾರೆ. ಅಲ್ಲಿ ಕೊಟ್ಟ ಕೆಲವೇ ಪಾತ್ರಗಳಲ್ಲಿ ಒಂದನ್ನು ಆರಿಸಿಕೊಳ್ಳುವ ಸಿಂಗಲ್ ಡ್ರಾಫ್ಟ್ ಮಾತ್ರ, ಹೇಳಿದಷ್ಟು ಮ್ಯಾಚ್ ಗೆದ್ದರೇ ಬಿಡುಗಡೆ. ಬೈಯುವವರು, ಬೇಕಂತಲೇ ಸಾಯುವವರು, ಬಿಟ್ಟು ಓಡುವವರು ಎಲ್ಲ ಇರುವ ಜಾಗ.

ಇದರ ನಿಜವಾದ ಕಿರಿಕಿರಿ ಎಲ್ಲಿದೆ ಗೊತ್ತಾ? ಪಾರ್ಟಿಯಲ್ಲಿ, ಅಂದರೆ ಒಟ್ಟಿಗೆ ಆಡುವ ಗುಂಪಿನಲ್ಲಿ, ಒಬ್ಬ ಲೋ ಪ್ರಯಾರಿಟಿಯವನಿದ್ದರೆ ಇಡೀ ಪಾರ್ಟಿ ಅಲ್ಲೇ ಆಡಬೇಕು. ವಾರವೆಲ್ಲ ಲೋಕಲ್ ಟ್ರೇನಿನಲ್ಲಿ ನೇತಾಡಿ ಶನಿವಾರಕ್ಕೆ ಕಾದಿದ್ದ ಡೊಂಬಿವಲಿಯವನು, ಹೆಂಡತಿಯ ಒಪ್ಪಿಗೆ ಪಡೆದು ಕೂತಿದ್ದ ವಾಸ್ಕೋದ ಅಣ್ಣ, ಎಲ್ಲರೂ ನನ್ನ ಜೊತೆ ಜೈಲಿಗೆ. ಒಂದು ಹಂತದಲ್ಲಿ "ನೀನು ಬರಬೇಡ ಮಾರಾಯ, ನಾವು ನಾಲ್ಕೇ ಜನ ಆಡ್ತೇವೆ" ಅಂದುಬಿಟ್ಟರು. ತಪ್ಪೇನೂ ಇಲ್ಲ ಬಿಡಿ, ಅವರ ಜಾಗದಲ್ಲಿದ್ದರೆ ನಾನೂ ಅದನ್ನೇ ಹೇಳುತ್ತಿದ್ದೆ.

ದುಡ್ಡು ವಾಪಸ್ ಕೇಳಿದೆ. 30 ದಿನದೊಳಗೆ ಪೂರ್ತಿ ವಾಪಸ್ ಅಂತ ಜಾಹೀರಾತಿನಲ್ಲಿ ದೊಡ್ಡದಾಗಿ ಹಾಕಿಕೊಂಡಿದ್ದರು. ಎಣಿಕೆ ಶುರುವಾಗುವುದು ಕೊಂಡ ದಿನದಿಂದ. ಚೀನಾಕ್ಕೆ ಹೋಗುವವರು ಮೊದಲೇ ಕೊಳ್ಳಬೇಕು ಅಂತ ಹೇಳುವವರೂ ಅವರೇ, ವೀಸಾ ಬಂದು ವಿಮಾನ ಹತ್ತುವಷ್ಟರಲ್ಲಿ ಆ 30 ದಿನದ ಬಹುಪಾಲು ಕರಗಿರುತ್ತದೆ. ಅವರ ಉತ್ತರ ಬರುವುದು ಜಿಮೇಲ್‌ಗೆ, ಜಿಮೇಲ್ ತೆರೆಯಲು ಅವರದೇ ವಿಪಿಎನ್ ಬೇಕು. ತೆರೆದು ಓದಿದರೆ "ನಮ್ಮ ದಾಖಲೆ ಪ್ರಕಾರ ನಿಮ್ಮ ಕನೆಕ್ಷನ್ ಸರಿಯಾಗಿದೆ, ಬೇರೆ ಸರ್ವರ್ ಪ್ರಯತ್ನಿಸಿ." ಬೇರೆ ಸರ್ವರ್ ಪ್ರಯತ್ನಿಸುವುದರಲ್ಲೇ 30 ದಿನ ಮುಗಿಯಿತು.

ಇನ್ನೊಂದು ತಮಾಷೆ. ಪಟ್ಟಿಯಲ್ಲಿ "ಭಾರತ" ಅಂತ ಸರ್ವರ್ ಇತ್ತು. ಅದನ್ನು ಹಿಡಿದರೆ ಮುಂಬೈಗೆ ಹೋಗಿ ಇಳಿಯುತ್ತೇವೆ ಅಂದುಕೊಳ್ಳುತ್ತೀರಿ, ಅಲ್ವಾ? 2022ರ ಏಪ್ರಿಲ್‌ನಲ್ಲಿ ನಮ್ಮ ಸರ್ಕಾರದ ಸೈಬರ್ ಭದ್ರತಾ ಸಂಸ್ಥೆ ಸರ್ಟ್-ಇನ್, ವಿಪಿಎನ್ ಕಂಪನಿಗಳು ಗ್ರಾಹಕರ ವಿವರವನ್ನು 5 ವರ್ಷ ಇಟ್ಟುಕೊಳ್ಳಬೇಕು ಅಂತ ಆದೇಶ ಮಾಡಿತು. ಆಗ ದೊಡ್ಡ ಕಂಪನಿಗಳು ಇಲ್ಲಿನ ಸರ್ವರ್ ತೆಗೆದವು. ಈಗ ಎಷ್ಟೋ ಕಡೆ "ಭಾರತ" ಅಂದರೆ ಬೇರೆ ದೇಶದಲ್ಲಿ ಕೂತು ಭಾರತದ ವಿಳಾಸ ತೋರಿಸುವ ಯಂತ್ರ. ಸಿನಿಮಾ ನೋಡಲು ಪರವಾಗಿಲ್ಲ, ಪಿಂಗ್ (ಡೇಟಾ ಸರ್ವರ್‌ಗೆ ಹೋಗಿ ಬರಲು ಹಿಡಿಯುವ ಸಮಯ, ಮಿಲಿಸೆಕೆಂಡಿನಲ್ಲಿ) ಕಡಿಮೆ ಆಗುವುದಿಲ್ಲ.

ಕಾನೂನಿನ ಮಾತು ಒಂದೇ ಸಾಲು: ಅನುಮತಿ ಇಲ್ಲದ ವಿಪಿಎನ್‌ಗಳ ಮೇಲೆ ಅಲ್ಲಿ 2017ರಿಂದ ಬಿಗಿ ಜಾಸ್ತಿ, ಜನರಿಗೆ ದಂಡ ಬಿದ್ದದ್ದೂ ಇದೆ, ಕೆಲಸದ ವೀಸಾದಲ್ಲಿ ಹೋದವರು ಯೋಚಿಸಿ.

ಆಕ್ಸಿಲರೇಟರ್ ಬಗ್ಗೆ ನನಗೆ ಹೇಳಿದ್ದು ಮೌಲ್ಡ್ ತಯಾರಾಗುವ ಟೂಲ್‌ರೂಮಿನ ಸ್ಥಳೀಯ ಎಂಜಿನಿಯರ್. ನಾನು ಡೋಟಾ ಒದ್ದಾಟ ಹೇಳಿಕೊಂಡರೆ ಅವನು ನಕ್ಕ. ವಿಪಿಎನ್‌ನಲ್ಲಿ ಯಾರು ಆಡ್ತಾರೆ ಅಂತ. ಅಲ್ಲಿನ ಹುಡುಗರಿಗೆ ಇದು ನಿತ್ಯದ ಸಾಮಾನು. ನೆಟ್‌ಈಸ್‌ನಂಥ ದೊಡ್ಡ ಕಂಪನಿ ಯುಯು ಅಂತ ಒಂದನ್ನು ನಡೆಸುತ್ತದೆ. ಷುನ್‌ಯೂ ಅನ್ನುವುದು ಶೆಂಝೆನ್ ಷೇರುಪೇಟೆಯಲ್ಲೇ ಇರುವ ಕಂಪನಿ. ಕದ್ದುಮುಚ್ಚಿ ಮಾರುವ ವಸ್ತು ಅಲ್ಲ, ನನಗೆ ಅದು ಇಷ್ಟವಾಗಲು ಅರ್ಧ ಕಾರಣ ಇದೇ.

ಕೆಲಸ ಮಾಡುವ ರೀತಿ ಸರಳ. ಪಟ್ಟಿಯಲ್ಲಿ ಗೇಮ್ ಆರಿಸಬೇಕು, ಪ್ರದೇಶ ಆರಿಸಬೇಕು, ಗುಂಡಿ ಒತ್ತಬೇಕು. ಅದು ಡೋಟಾದ ಪ್ಯಾಕೆಟ್‌ಗಳನ್ನು ಮಾತ್ರ ಹಿಡಿದು, ದೇಶದೊಳಗಿನ ತನ್ನ ಯಂತ್ರಕ್ಕೆ ಒಯ್ದು, ಅಲ್ಲಿಂದ ಬಾಡಿಗೆ ಲೈನಿನಲ್ಲಿ ಹೊರಗೆ ದಾಟಿಸುತ್ತದೆ. ಜನಜಂಗುಳಿಯ ಬಾಗಿಲಿಗೆ ಹೋಗುವುದೇ ಇಲ್ಲ. ಯುಡಿಪಿ ಯುಡಿಪಿಯಾಗಿಯೇ ಉಳಿಯುತ್ತದೆ. ವಿಪಿಎನ್‌ನಲ್ಲಿ ರಾತ್ರಿ 300 ಮುಟ್ಟಿ ಕುಣಿಯುತ್ತಿದ್ದ ಪಿಂಗ್ ಇದರಲ್ಲಿ 90ರ ಆಸುಪಾಸಿನಲ್ಲಿ ನಿಂತಿತು. ನಿಂತಿತು ಅನ್ನುವುದೇ ಮುಖ್ಯ. 90 ಇರಲಿ 110 ಇರಲಿ, ಕೈ ಒಗ್ಗಿಕೊಳ್ಳುತ್ತದೆ. ಕುಣಿಯುವ ಪಿಂಗ್‌ಗೆ ಕೈ ಒಗ್ಗುವುದಿಲ್ಲ.

ನಾನು ಕೊಟ್ಟ ಬೆಲೆ ತಿಂಗಳಿಗೆ 30 ಯುವಾನ್, ಆಗಿನ ಲೆಕ್ಕಕ್ಕೆ ಸುಮಾರು 360 ರೂಪಾಯಿ. ಫರ್ಗ್ಯುಸನ್ ರಸ್ತೆಯ ವೈಶಾಲಿಯಲ್ಲಿ ಇಬ್ಬರು ದೋಸೆ ತಿಂದು ಕಾಫಿ ಕುಡಿದ ಬಿಲ್ಲಿನ ಹಾಗೆ. ವರ್ಷಕ್ಕೆ ಕಟ್ಟು ಅನ್ನುವ ಒತ್ತಾಯ ಇಲ್ಲ.

ಕೊರತೆ ಇಲ್ಲ ಅಂತಲ್ಲ. ಇಡೀ ಆ್ಯಪ್ ಚೀನೀ ಭಾಷೆಯಲ್ಲಿ. ಫೋನ್ ಕ್ಯಾಮೆರಾ ಹಿಡಿದು ಅನುವಾದ ಓದಿಕೊಂಡು ಗುಂಡಿ ಒತ್ತಬೇಕು. ಒಟಿಪಿಗೆ ಅಲ್ಲಿನ ನಂಬರ್ ಬೇಕು, ಆ ಸಿಮ್‌ಗೆ ಪಾಸ್‌ಪೋರ್ಟ್ ಕೊಟ್ಟು ಮುಖದ ಸ್ಕ್ಯಾನ್ ಮಾಡಿಸಬೇಕು. ಹಣ ಅಲಿಪೇ ಅನ್ನುವ ಅಲ್ಲಿನ ಪಾವತಿ ಆ್ಯಪ್ ಮೂಲಕ. ನಮ್ಮ ವೀಸಾ, ಮಾಸ್ಟರ್ ಕಾರ್ಡನ್ನು ಅಲಿಪೇಗೆ ಸೇರಿಸಬಹುದು, ಯುಪಿಐ ಅಭ್ಯಾಸ ಇರುವವರಿಗೆ ಕಷ್ಟ ಅನ್ನಿಸುವುದಿಲ್ಲ. ವಿಂಡೋಸ್ ಲ್ಯಾಪ್‌ಟಾಪ್ ಇದ್ದರೆ ಒಳ್ಳೆಯದು.

ನನಗೆ ಇದನ್ನು ಹಾಕಿಕೊಟ್ಟ ಎಂಜಿನಿಯರನ ಮಗನಿಗೆ ಹದಿಮೂರು ವರ್ಷ. ಚೀನಾದ 2021ರ ನಿಯಮದ ಪ್ರಕಾರ 18 ದಾಟದವರಿಗೆ ಶುಕ್ರವಾರ, ಶನಿವಾರ, ಭಾನುವಾರ ಮತ್ತು ರಜಾದಿನ ರಾತ್ರಿ 8ರಿಂದ 9ರವರೆಗೆ ಮಾತ್ರ ಆನ್‌ಲೈನ್ ಆಟ. ಏಳೂ ಐವತ್ತಕ್ಕೇ ಫೋನ್ ಚಾರ್ಜ್ ಮಾಡಿ ಸೋಫಾ ಮೇಲೆ ತಯಾರಾಗಿ ಕೂತಿರುತ್ತಾನಂತೆ. ನಮ್ಮ ಮನೆಯಲ್ಲಿ ಇಂಥ ನಿಯಮ ಬರಲಿ ಅಂತ ನನ್ನ ತಂಗಿ ಹರಕೆ ಹೊತ್ತರೂ ಆಶ್ಚರ್ಯವಿಲ್ಲ.

ಇನ್ನು ಇ-ಸಿಮ್, ಅಂದರೆ ಕಾರ್ಡ್ ಇಲ್ಲದೆ ಫೋನಿಗೆ ಇಳಿಸಿಕೊಳ್ಳುವ ಸಿಮ್. ಇದರ ತಾಂತ್ರಿಕತೆ ನನಗೆ ತುಂಬ ಇಷ್ಟ. ಹೊರದೇಶದ ಸಿಮ್ ರೋಮಿಂಗ್‌ನಲ್ಲಿದ್ದಾಗ ಡೇಟಾ ಮೊದಲು ಆ ಸಿಮ್‌ನ ತವರು ಕಂಪನಿಗೆ ಹೋಗಿ, ಅಲ್ಲಿಂದ ಇಂಟರ್ನೆಟ್‌ಗೆ ಇಳಿಯುತ್ತದೆ. ಹಾಗಾಗಿ ಚೀನಾದ ಫೈರ್‌ವಾಲ್ ಅಡ್ಡ ಬರುವುದಿಲ್ಲ. ವಾಟ್ಸಾಪ್ ತಾನಾಗಿಯೇ ತೆರೆದುಕೊಳ್ಳುತ್ತದೆ, ಯಾವ ವೇಷವೂ ಬೇಡ. ನಮ್ಮ ಭಾರತದ ಸಿಮ್ ರೋಮಿಂಗ್ ಹಾಕಿದರೆ ಡೇಟಾ ಭಾರತಕ್ಕೆ ಬರುತ್ತದೆ, ಆಗ ಸಿಂಗಾಪುರ ಬಿಟ್ಟು ಡೋಟಾದ ಭಾರತ ಸರ್ವರ್ ಆರಿಸಿ. ಇಲ್ಲದಿದ್ದರೆ ಭಾರತಕ್ಕೆ ಬಂದು ಮತ್ತೆ ಸಿಂಗಾಪುರಕ್ಕೆ ಸುಮ್ನೆ ಸುತ್ತು. ಪ್ರವಾಸಿಗಳಿಗೆ ಮಾರುವ ಇ-ಸಿಮ್‌ಗಳು ಹೆಚ್ಚಾಗಿ ಹಾಂಗ್‌ಕಾಂಗ್ ಅಥವಾ ಸಿಂಗಾಪುರದಲ್ಲಿ ಹೊರಬರುತ್ತವೆ, ಅವಕ್ಕೆ ಸಿಂಗಾಪುರ ಸರ್ವರ್ ಸರಿ.

ಆಡಿದ್ದೇನೆ, ಚೆನ್ನಾಗಿಯೇ ಇತ್ತು. ಆದರೆ ಜಿಬಿ ಲೆಕ್ಕದಲ್ಲಿ ದುಡ್ಡು. ಆಟಕ್ಕೆ ಅಷ್ಟೇನೂ ಡೇಟಾ ಬೇಡ, ನಡುವೆ ಒಂದು ಅಪ್‌ಡೇಟ್ ಬಂದರೆ ಹಾಟ್‌ಸ್ಪಾಟ್‌ನಲ್ಲೇ ಇಡೀ ಪ್ಯಾಕ್ ಗುಳುಂ. ಅಪ್‌ಡೇಟನ್ನು ಅಪಾರ್ಟ್‌ಮೆಂಟಿನ ವೈಫೈಯಲ್ಲಿ ಇಳಿಸಿಕೊಂಡು ಆಮೇಲೆ ಹಾಟ್‌ಸ್ಪಾಟ್ ಹಾಕಿ.

ಮಾತಾಡುವುದರ ಕಥೆ ಇದಕ್ಕಿಂತ ವಿಚಿತ್ರ. ಆಟದೊಳಗಿನ ಮೈಕ್ ಆಕ್ಸಿಲರೇಟರ್‌ನಲ್ಲಿ ಆಟದ ಜೊತೆಗೇ ಹೋಗುತ್ತದೆ, ತೊಂದರೆ ಇಲ್ಲ. ಆದರೆ ಮ್ಯಾಚ್ ಮುಗಿದ ಮೇಲಿನ ಹರಟೆಗೆ ಏನು ಮಾಡುವುದು? ಗೇಮ್ ಆಡುವವರು ಮಾತಾಡಲು ಬಳಸುವ ಡಿಸ್ಕಾರ್ಡ್ ಅಲ್ಲಿ ಬ್ಲಾಕ್. ವಾಟ್ಸಾಪ್ ಅಲ್ಲಿ ಬ್ಲಾಕ್. ಅಲ್ಲಿ ಎಲ್ಲರೂ ಬಳಸುವ ವೀಚಾಟ್ 2020ರ ಜೂನ್‌ನಿಂದ ಇಲ್ಲಿ ಬ್ಯಾನ್. ಎರಡೂ ದೇಶದವರು ತಡೆಯದೆ ಬಿಟ್ಟದ್ದು ಮೈಕ್ರೋಸಾಫ್ಟ್ ಟೀಮ್ಸ್. ಶನಿವಾರ ನಡುರಾತ್ರಿ ನಾವು ಐದು ಜನ ಟೀಮ್ಸ್‌ನಲ್ಲಿ ಮೀಟಿಂಗ್ ಮಾಡುತ್ತಿದ್ದೆವು. ಮೀಟಿಂಗ್ ಹೆಸರು "ಟೂಲ್ ರಿವ್ಯೂ". ವಾಸ್ಕೋದ ತಮ್ಮ ಅಭ್ಯಾಸಬಲದಿಂದ ಕೈ ಎತ್ತುವ ಗುಂಡಿ ಒತ್ತಿ ಮಾತಾಡುತ್ತಿದ್ದ.

ನನ್ನ ಆಯ್ಕೆ ನನ್ನ ಅಭ್ಯಾಸದ್ದು. ವಾರಕ್ಕೊಮ್ಮೆ ಆಡುವವನು, ಒಂದೇ ಗೇಮ್, ಕೈಯಿಂದ ಜಾಸ್ತಿ ದುಡ್ಡು ಬಿಚ್ಚುವವನಲ್ಲ. ಹಾಗಾಗಿ ಆಟಕ್ಕೆ ಆಕ್ಸಿಲರೇಟರ್, ಮನೆಯವರ ವಾಟ್ಸಾಪ್‌ಗೆ ಒಂದು ಸಣ್ಣ ಇ-ಸಿಮ್ ಪ್ಯಾಕ್. ಎರಡೂ ಸೇರಿ ನಮ್ಮ ಭಾರತದ ಸಿಮ್ ರೋಮಿಂಗ್‌ಗಿಂತ ಎಷ್ಟೋ ಅಗ್ಗ. ವಾರ ಹತ್ತು ದಿನಕ್ಕೆ ಹೋಗುವವರು ಒಟಿಪಿ, ಅಲಿಪೇ ತಲೆನೋವು ಬಿಟ್ಟು ಬರೀ ಇ-ಸಿಮ್ ಹಾಕಿಕೊಳ್ಳಿ. ಕೌಂಟರ್-ಸ್ಟ್ರೈಕ್ ಥರದ್ದು ಆಡುವವರಿಗೆ 90 ಪಿಂಗ್ ಕೂಡ ಜಾಸ್ತಿ ಅನ್ನಿಸುತ್ತದೆ, ಅವರು ಅಲ್ಲಿನ ಸರ್ವರ್‌ನಲ್ಲೇ ಅಲ್ಲಿನವರ ಜೊತೆ ಆಡುವುದು ಮೇಲು. ಆಫೀಸಿನ ಲೀಸ್ಡ್ ಲೈನ್ ಕಡೆ ಮಾತ್ರ ಕಣ್ಣು ಹಾಕಬೇಡಿ, ಯಾರು ಏನು ಮಾಡಿದರು ಅನ್ನುವ ದಾಖಲೆ (ಲಾಗ್) ಅದಕ್ಕೆ ಇರುತ್ತದೆ.

ಆಕ್ಸಿಲರೇಟರ್ ಕೊಳ್ಳುವಾಗ ಪ್ರತಿ ತಿಂಗಳು ತಾನಾಗಿ ಕಟ್ ಆಗುವ ಪ್ಲಾನ್ ಸ್ವಲ್ಪ ಅಗ್ಗಕ್ಕೆ ತೋರಿಸುತ್ತಾರೆ. ಅದನ್ನು ತಗೊಂಡರೆ ವಾಪಸ್ ಹೊರಡುವ ವಾರವೇ ಅಲಿಪೇ ಒಳಗೆ ಹೋಗಿ ನಿಲ್ಲಿಸಿ. ಚೀನಾ ಸಿಮ್ ಬಂದ್ ಆದ ಮೇಲೆ ಚಿಂಚವಡದಲ್ಲಿ ಕೂತು ಲಾಗಿನ್ ಆಗಲು ಹೊರಟರೆ ಒಟಿಪಿ ಆ ನಂಬರಿಗೇ ಹೋಗುತ್ತದೆ.