ಕಾಲಗಟ್ಟು ಬಿಲ್ಲೆ: ಮೂರು ಬೇಸಿಗೆ ಬಳಸಿದ ಮೇಲೆ

ಪಾತ್ರೆಯೊಳಗಿನ ಕಾಲವನ್ನು ಹಿಡಿದಿಟ್ಟು ಹಾಲು ಕೆಡದಂತೆ ಕಾಯುವ ಈ ಕಲ್ಲಿನ ಬಿಲ್ಲೆ ಕೊಳ್ಳುವುದಾದರೆ ಬೂದು ಕಲ್ಲಿನದನ್ನೇ ಕೊಳ್ಳಿ. ಕೆಂಪು ಗ್ರಾನೈಟಿನದು ನೋಡಲು ಚೆಂದ, ಅಂಗಡಿಯವರು ಹೊಗಳುವುದೂ ಅದನ್ನೇ. ಆದರೆ ಹಿಡಿದ ಕಾಲವನ್ನು ಅದು ರಾತ್ರಿಯೆಲ್ಲ ಸೋರಿಸುತ್ತದೆ.

ಎರಡೂ ಬಣ್ಣದವನ್ನು ರಾಯಚೂರಿನ ಒಂದೇ ಅಡುಗೆಮನೆಯಲ್ಲಿಟ್ಟು ನೋಡಿದ್ದು: 9 ಇಂಚು ಅಗಲ, 2 ಇಂಚು ದಪ್ಪ, ತೂಕ ಸುಮಾರು ಐದೂವರೆ ಕಿಲೋ. ಮೇಲಿಟ್ಟ ಪಾತ್ರೆಯೊಳಗಿನ ಕಾಲವನ್ನು ಕಲ್ಲು ಹೀರಿಕೊಳ್ಳುತ್ತದೆ, ಹಾಲಿಗೆ ವಯಸ್ಸಾಗುವುದಿಲ್ಲ. ಬೂದು ಬಿಲ್ಲೆ ಹೊಸತರಲ್ಲಿ 18 ತಾಸು ಹಿಡಿಯುತ್ತಿತ್ತು, ಈಗ 16ಕ್ಕೆ ಇಳಿದಿದೆ. ಕೆಂಪಿನದಕ್ಕೆ 24 ಎಂದು ಹೇಳಿ ಮಾರುತ್ತಾರೆ. ಬೆಳಿಗ್ಗೆ ಎದ್ದು ನೋಡಿದರೆ ಹಾಲು ಒಡೆದಿರುತ್ತದೆ.

ಕಾರಣ ಕಲ್ಲಿನೊಳಗೇ ಇದೆ. ಕಾಲ ಕೂರುವುದು ಹರಳಿನ ಕುಂದುಗಳಲ್ಲಿ. ಹಳೆಯ ಮಡಕೆ ಚೂರು ಕೊನೆಯ ಸಲ ಯಾವಾಗ ಬೆಂದಿತ್ತೆಂದು ಪುರಾತತ್ವದವರು ಲೆಕ್ಕ ಹಾಕುವುದೂ ಅಂಥ ಕುಂದುಗಳಲ್ಲಿ ಸಿಕ್ಕಿಬಿದ್ದ ಎಲೆಕ್ಟ್ರಾನುಗಳಿಂದಲೇ. ಬೂದು ಕಲ್ಲಿನಲ್ಲಿರುವ ಬೆಣಚು (ಕ್ವಾರ್ಟ್ಜ್) ಹಿಡಿದದ್ದನ್ನು ಬಿಗಿಯಾಗಿ ಹಿಡಿದಿರುತ್ತದೆ. ಕೆಂಪು ಬಣ್ಣ ಕೊಡುವ ಫೆಲ್ಡ್‌ಸ್ಪಾರ್ ಎಂಬ ಖನಿಜ ಕತ್ತಲಲ್ಲಿಟ್ಟರೂ ತಾನಾಗಿ ಬಿಡುತ್ತ ಹೋಗುತ್ತದೆ. ಇನ್ನು ಕರಿಕಲ್ಲಿನ ಬಿಲ್ಲೆ ಅಗ್ಗಕ್ಕೆ ಸಿಕ್ಕರೆ ಮುಟ್ಟಲೇಬೇಡಿ. ಬಳ್ಳಾರಿಯ ಸಂಗನಕಲ್ಲಿನಲ್ಲಿ ನವಶಿಲಾಯುಗದವರು ಕೊಡಲಿ ಮಾಡಿದ ಡಾಲರೈಟ್ ಅದು. ಕೊಡಲಿಗೆ ಅದಕ್ಕಿಂತ ಒಳ್ಳೆಯ ಕಲ್ಲಿಲ್ಲ, ಆದರೆ ಬೆಣಚೇ ಇಲ್ಲದಷ್ಟು ಕಡಿಮೆ.

ಇಡುವ ಕ್ರಮ ಹೀಗೆ. ಹೊತ್ತು ಮುಳುಗಿದ ಮೇಲೆ ಕೆಂಪು ಝೀರೋ ಬಲ್ಬ್ ಹಚ್ಚಿ, ಉಳಿದ ದೀಪ ಆರಿಸಿ. ಕೆಂಪು ಬೆಳಕಿಗೆ ಬೆಣಚು ಅಲುಗುವುದಿಲ್ಲ. ಬಿಳಿ ಎಲ್‌ಇಡಿಯಲ್ಲಿರುವ ನೀಲಿಗೆ ಗಂಟು ಬಿಚ್ಚುತ್ತದೆ. ಗೋಣಿಚೀಲ ನಾಲ್ಕು ಮಡಿಕೆ ಮಾಡಿ, ಮೇಲೆ ಬಿಲ್ಲೆ, ಅದರ ಮೇಲೆ ತಳ ಚಪ್ಪಟೆ ಇರುವ ಬೋಗುಣಿ. ಎಲ್ಲವನ್ನೂ ಕರಿ ಕಂಬಳಿಯಿಂದ ಮುಚ್ಚಿ. ಕಲ್ಲಿನ ಎಳೆತ ನಾಲ್ಕು ಬೆರಳಿನ ಎತ್ತರಕ್ಕಷ್ಟೇ ಮುಟ್ಟುತ್ತದೆ. ಉದ್ದನೆಯ ಕ್ಯಾನಿನಲ್ಲಿ ಎರಡು ಲೀಟರ್ ಇಟ್ಟರೆ ತಳದ ಹಾಲು ಆಗಷ್ಟೇ ಕರೆದಂತಿರುತ್ತದೆ, ಮೇಲಿನದು ಹುಳಿ. ಬಗ್ಗಿಸಿದಾಗ ಎರಡೂ ಬೆರೆತು ಪೂರ್ತಿ ಕೆಡುತ್ತದೆ, ಬೈಗುಳ ಮಾತ್ರ ಬಿಲ್ಲೆಗೆ.

ಬೋರ್‌ವೆಲ್ ನೀರಿನಲ್ಲಿ ತೊಳೆದರೆ ಬಿಳಿ ಪೊರೆ ಕಟ್ಟುತ್ತದೆ. ಪಾತ್ರೆ ಕಲ್ಲಿಗೆ ಸರಿಯಾಗಿ ಕೂರದೆ ಹಿಡಿತ ತಪ್ಪುತ್ತದೆ. ತಿಂಗಳಿಗೊಮ್ಮೆ ಹುಣಸೆಹಣ್ಣಿನಿಂದ ಉಜ್ಜಿದರೆ ಸಾಕು.

ಖಾಲಿ ಮಾಡುವುದರಲ್ಲೇ ನಿಜವಾದ ಲಾಭವಿದೆ, ಅದನ್ನು ಮಾರುವವರು ಯಾರೂ ಹೇಳುವುದಿಲ್ಲ. ಏಪ್ರಿಲ್ ಬಿಸಿಲಿನಲ್ಲಿ ಮಾಳಿಗೆ ಮೇಲಿಟ್ಟರೆ ಬೂದು ಬಿಲ್ಲೆ 20 ನಿಮಿಷಕ್ಕೆ ಬರಿದಾಗುತ್ತದೆ. ಮೋಡವಿದ್ದರೆ ಎರಡು ತಾಸು, ಕೆಂಪಿನದಕ್ಕೆ ಇಡೀ ಹಗಲು. ಬಿಟ್ಟ ಕಾಲ ಪಕ್ಕದಲ್ಲಿದ್ದುದಕ್ಕೆ ಅಂಟುತ್ತದೆ. ಹಾಗಾಗಿ ಕಲ್ಲಿಗೆ ತಾಗುವಂತೆ ಮಾವಿನ ಉಪ್ಪಿನಕಾಯಿಯ ಭರಣಿ ಇಡಿ. ದಿನದ 24 ತಾಸಿಗೆ 18 ಸೇರಿ 42 ಆಯಿತು. ಮೂರು ವಾರಕ್ಕೆ ಮಾಗುವುದು 12 ದಿನಕ್ಕೇ ಮಾಗುತ್ತದೆ. ರೊಟ್ಟಿ ಬುಟ್ಟಿ, ಹೂವು ಹತ್ತಿರ ಸುಳಿಯಬಾರದು. ವಾಚ್ ಕಟ್ಟಿದ ಕೈಯಿಂದ ಬಿಲ್ಲೆ ತಿರುವಬೇಡಿ, ಮುಳ್ಳು ಮುಕ್ಕಾಲು ದಿನ ಮುಂದೋಡುತ್ತದೆ.

ಮಳೆಗಾಲದಲ್ಲಿ ಬಿಸಿಲಿಲ್ಲವೆಂದು ಒಲೆಯ ಮೇಲಿಡುವವರಿದ್ದಾರೆ. ಕಾಯಿಸಿದರೂ ಕಾಲ ಬಿಡುತ್ತದೆ, ಸುಳ್ಳಲ್ಲ. ಆದರೆ 573 ಡಿಗ್ರಿ ದಾಟಿದರೆ ಬೆಣಚಿನ ಹರಳು ರೂಪ ಬದಲಿಸಿ ಹಿಗ್ಗುತ್ತದೆ, ಬಿಲ್ಲೆ ಸೀಳುತ್ತದೆ. ಉರಿ ತಗಲಿದ ಕಡೆಯಷ್ಟೇ ಬೇಗ ಕಾಯುವುದರಿಂದ ಅದಕ್ಕಿಂತ ಮೊದಲೇ ಬಿರುಕು ಬಿಡುವುದೂ ಉಂಟು. ಸೀಳಿದ ಬಿಲ್ಲೆಗೆ ವಾರಂಟಿ ಇಲ್ಲ. ಬೆಸುಗೆಯೂ ಇಲ್ಲ.

ಫ್ರಿಜ್ ಮಾರಿಬಿಡುವಷ್ಟು ದೊಡ್ಡ ವಸ್ತುವಲ್ಲ ಇದು. ಸಂಜೆ ಹಾಲು ಬಂದು ರಾತ್ರಿ ಕರೆಂಟ್ ಹೋಗುವ ಮನೆಗೆ 4,200 ರೂಪಾಯಿ ದಂಡವೂ ಅಲ್ಲ.

ಕೊಳ್ಳುವ ಮುಂಚೆ ಸಂಜೆ ಹೊತ್ತಿಗೆ ಅಂಗಡಿಗೆ ಹೋಗಿ, ಬಿಲ್ಲೆಯ ಮೇಲೆ ನಾಲ್ಕು ಮಲ್ಲಿಗೆ ಮೊಗ್ಗು, ಪಕ್ಕದ ಕಟ್ಟೆಯ ಮೇಲೆ ನಾಲ್ಕು ಮೊಗ್ಗು ಇಡಿಸಿ, ಕಂಬಳಿ ಮುಚ್ಚಿಸಿ. ಮೂರು ತಾಸಿಗೆ ಕಟ್ಟೆಯವು ಅರಳಿ, ಕಲ್ಲಿನವು ಮೊಗ್ಗಾಗಿಯೇ ಇದ್ದರೆ ದುಡ್ಡು ಕೊಡಿ. ಅಷ್ಟು ಹೊತ್ತು ಕಾಯಲು ಬಿಡದ ಅಂಗಡಿಯಲ್ಲಿ ಕೊಳ್ಳಬೇಡಿ.