ಜಿಮ್ ಬೆಗ್ಲಿನ್: ಆಟ ಬಲ್ಲವರ ವೀಕ್ಷಕ ವಿವರಣೆ

ಶಿವಮೊಗ್ಗದ ನಮ್ಮ ಮನೆಯಲ್ಲಿ, ಹೆಂಚಿನ ಮೇಲೆ ಮಳೆ ಸುರಿಯುವ ಶನಿವಾರದ ರಾತ್ರಿಗಳಲ್ಲಿ, ಇಂಗ್ಲೆಂಡಿನ ಫುಟ್‌ಬಾಲ್ ಟೂರ್ನಿ ಪ್ರೀಮಿಯರ್ ಲೀಗ್‌ನ ಪಂದ್ಯಕ್ಕೆ ಟಿವಿಯ ದನಿ ಏರಿಸುವುದು ವೀಕ್ಷಕ ವಿವರಣೆಗಾರ ಬೆಗ್ಲಿನ್ ಅವರ ಮಾತು ತಪ್ಪಬಾರದೆಂದೇ. 1986ರಲ್ಲಿ ಲಿವರ್‌ಪೂಲ್ ತಂಡದೊಂದಿಗೆ ಇಂಗ್ಲೆಂಡಿನ ಲೀಗ್ ಮತ್ತು ನಾಕೌಟ್ ಟೂರ್ನಿ ಎಫ್.ಎ. ಕಪ್ ಎರಡನ್ನೂ ಗೆದ್ದ ಈ ಐರ್ಲೆಂಡಿನ ಲೆಫ್ಟ್ ಬ್ಯಾಕ್ (ಎಡಬದಿಯ ರಕ್ಷಣಾ ಆಟಗಾರ), ಮರುವರ್ಷದ ಜನವರಿಯಲ್ಲಿ ಎವರ್ಟನ್ ವಿರುದ್ಧ ಆಡುವಾಗ ಕಾಲು ಮುರಿದುಕೊಂಡರು. ಗಾಯಗಳಿಂದಾಗಿ ಬೇಗನೆ ಆಟ ಬಿಡಬೇಕಾಗಿ ಬಂದ ಮೇಲೆ ಮೈಕ್ ಹಿಡಿದರು.

ಗೋಲು ಬಿದ್ದ ಕ್ಷಣವನ್ನು ಜೊತೆಗಿರುವ ಮುಖ್ಯ ವಿವರಣೆಗಾರರಿಗೆ ಬಿಟ್ಟುಕೊಟ್ಟು, ಮರುಪ್ರದರ್ಶನ ಬಂದಾಗಲೇ ಬಾಯಿ ತೆರೆದು, ಡಿಫೆಂಡರ್ ಎರಡು ಹೆಜ್ಜೆ ಮುಂದೆ ಬಂದದ್ದರಿಂದಲೇ ಅವನ ಬೆನ್ನ ಹಿಂದೆ ಜಾಗ ತೆರೆಯಿತೆಂದು ಅವರು ಬಿಡಿಸಿ ಹೇಳುವ ರೀತಿ ನನಗೆ ಅಚ್ಚುಮೆಚ್ಚು. ಅವರ ಉಚ್ಚಾರಣೆಗೆ ಕಿವಿ ಹೊಂದಿಕೊಳ್ಳಲು ಒಂದೆರಡು ಪಂದ್ಯ ಬೇಕು, ಅಷ್ಟೆ. ಎಡಬದಿಯಲ್ಲಿ ಆಡುವ ನನ್ನ ಮಗ ಈಗ ಚೆಂಡಿನ ಜೊತೆಗೆ ತನ್ನ ಬೆನ್ನ ಹಿಂದಿನ ಜಾಗವನ್ನೂ ನೋಡುತ್ತಾನೆ.